ಬಾಗಿಲಾಚೆ ಬಿಟ್ಟ ಕೋಲು

ಸಕಲೇಶಪುರದ ಬಸ್ ನಿಲ್ದಾಣದಲ್ಲಿ ಆಲೂರಿನ ಬಸ್ಸಿಗೆ ಕಾಯುತ್ತಿದ್ದ ವನಜಾಕ್ಷಿ ಟೀಚರ್‌ಗೆ ಹಿಂದಿನ ಬೆಂಚಿನ ಮಾತು ಬೇಡವೆಂದರೂ ಕಿವಿಗೆ ಬೀಳುತ್ತಿತ್ತು. ಜೀಪು ಗುದ್ದಿ ಕಾಲು ಮುರಿದುಕೊಂಡ ತಮ್ಮ, ಜೊತೆಗೆ ಬಂದ ಅಕ್ಕ. ಪರಿಹಾರದ ಕೇಸಿನಲ್ಲಿ ಅವತ್ತು ಅವನ ಸಾಕ್ಷಿ ಮುಗಿದಿತ್ತು.

“ಕೋಲು ಎಲ್ಲಿ ಬಿಟ್ಟಿದ್ದೆ?”

“ಕೋರ್ಟ್ ಬಾಗ್ಲಾಚೆ. ಚಪ್ಲಿ ಪಕ್ಕ.”

“ಯಾಕೋ?”

“ಜಡ್ಜ್ ಮುಂದೆ ಕೋಲು ಹಿಡ್ಕಂಡು ನಿಂತ್ಕಳಕಾಯ್ತದಾ ಅಕ್ಕಾ? ನಮ್ಮ ಎಸ್ಟೇಟ್ ಸಾವ್ಕಾರ್ರ ಜಗ್ಲಿನೇ ಯಾವತ್ತೂ ಹಂಗೆ ಹತ್ತಿಲ್ಲ ನಾನು.”

“ಮತ್ತೆ ಒಳಕ್ಕೆ ಹೆಂಗ್ ಹೋದೆ?”

“ಹಲ್ಲು ಕಚ್ಕಂಡು ನಾಕೆಜ್ಜೆ ನಡ್ದೆ.”

“ಅದುನ್ನೇ ನೋಡಿ ಇನ್ಶೂರೆನ್ಸ್ ಲಾಯ್ರು, ಕೋಲಿಲ್ದೆ ಚೆನ್ನಾಗ್ ನಡೀತಾನೆ ಅಂತ ಬರೆಸ್ಬುಟ್ನಂತೆ!”

“ನಡಿಯದು ಇರ್ಲಿ ಕಣಕ್ಕ, ಏಣಿ ಹತ್ತಕ್ಕಾಗಲ್ವಲ್ಲ. ಏಣಿ ಹತ್ದೆ ಮರದ್ ಮೇಲಿನ ಮೆಣಸು ಕುಯ್ಯದು ಹೆಂಗೆ?”

“ಅದುನ್ನ ಅಲ್ಲಿ ಬಾಯ್ಬಿಟ್ಟು ಹೇಳಿದ್ಯಾ?”

“ಕೇಳಿದ್ದಕ್ಕೆ ಮಾತ್ರ ಉತ್ರ ಹೇಳು ಅಂದಿದ್ರು ನಮ್ ಲಾಯ್ರು. ಏಣಿ ವಿಚಾರ ಯಾರೂ ಕೇಳ್ಲೇ ಇಲ್ಲ.”

ಅಕ್ಕ ಹಣೆ ಚಚ್ಚಿಕೊಂಡಳು. ಅಷ್ಟರಲ್ಲಿ ಹೆತ್ತೂರಿನ ಬಸ್ ಬಂತು. ತಮ್ಮ ಕೋಲೂರಿಕೊಂಡು ನಾಲ್ಕು ಹೆಜ್ಜೆ ಹಾಕಿದ್ದನಷ್ಟೆ, ಬಾಗಿಲಲ್ಲಿದ್ದ ಕಂಡಕ್ಟರ್ ಒಳಗೆ ತಿರುಗಿ ಕೂಗಿದ.

“ಮುಂದಿನ ಸೀಟ್ ಬಿಡ್ರಪ್ಪಾ, ಇವ್ರಿಗೆ ಕಾಲು ಸರಿ ಇಲ್ಲ!”

ಅಕ್ಕ ಕಂಡಕ್ಟರನ ಮುಖವನ್ನೇ ನೋಡಿದಳು.

“ಕೋರ್ಟಿಗೆ ನೀನೇ ಬಂದು ಹೇಳ್ಬೇಕಿತ್ತು ಕಣಪ್ಪಾ,” ಎಂದವಳು ತಮ್ಮನ ಬೆನ್ನಿಗೆ ಎರಡೂ ಕೈ ಕೊಟ್ಟು ಬಸ್ಸಿಗೆ ಹತ್ತಿಸಿದಳು.