ಏಳನೇ ಕಂತಿನ ಕೊನೆ

ಸೈನಾ? ಸತ್ರೂ ಹಾಕಲ್ಲ ಕಣೋ ಗೋವಿಂದರಾಜು, ಮಡಚಿ ಇಟ್ಕೋ ಆ ಒಪ್ಪಿಗೆ ಕಾಗದ! "ಮಂಗಳವಾರದ ದೆವ್ವ" ಸೀರಿಯಲ್ ಅಂದ್ರೆ ಆಗ ದೊಡ್ಡಬಳ್ಳಾಪುರದಿಂದ ಹೊಸಕೋಟೆವರೆಗೂ ಜನ ಟಿ.ವಿ. ಮುಂದೆ ಉಸಿರು ಬಿಗಿಹಿಡಿದು ಕೂರ್ತಿದ್ರು. ವಾರಕ್ಕೊಂದು ಕಥೆ, ವಾರಕ್ಕೊಂದು ದೆವ್ವ. ಬರೆದವನು ನಾನು, ಕ್ಯಾಮೆರಾ ಹಿಡಿದವನು ನೀನು. ಈಗ ಆ ಹೊಸ ಡೈರೆಕ್ಟರು ಭಾನುಪ್ರಕಾಶ ಅದನ್ನೇ ಮೊಬೈಲಲ್ಲಿ ನೋಡೋ ಹಾಗೆ ಹೊಸದಾಗಿ ತೆಗೀತಾನಂತೆ. ತೆಗೀಲಿ! ನನ್ನ ಏಳನೇ ಕಂತಿನ ಕೊನೆ ಬದಲಾಯಿಸೋಕೆ ಅವನ್ಯಾರು?

ಯಾಕೋ ನಗ್ತೀಯಾ?

ಈಗ ತಾನೇ ಪೂಜೆ ಮುಗಿಸಿದ್ದೀನಿ, ಸಿಟ್ಟು ಮಾಡಬಾರದು. ಆದ್ರೂ ಕೇಳು. ಆಗಿನ ನಮ್ಮ ಡೈರೆಕ್ಟರು ಮೂರ್ತಿ ಮೊದಲ ದಿನವೇ ಏನಂದಿದ್ದ? "ಲಕ್ಷ್ಮಯ್ಯನೋರೇ, ನಿಮಗೆ ಯಾವುದಕ್ಕೆ ಭಯವೋ ಅದನ್ನೇ ಬರೀರಿ. ಒಂದಕ್ಷರ ಮುಟ್ಟಲ್ಲ." ಮುಟ್ಟಲಿಲ್ಲ ಪುಣ್ಯಾತ್ಮ! ಚಾನೆಲ್ಲಿನವರು ಮೂಗು ತೂರಿಸೋಕೆ ಬಂದ್ರೆ ಶೂಟಿಂಗ್ ನಡೀತಿದ್ದ ಮಾಕಳಿದುರ್ಗದ ಬಂಡೆ ಮೇಲಿಂದಲೇ ಬೈದು ಕಳಿಸಿದ. ಅದು ಸ್ವಾತಂತ್ರ್ಯ! ಈಗ ದೆವ್ವ ಬಾಗಿಲು ತಟ್ಟಬೇಕಾದ್ರೂ ಹತ್ತು ಜನ ಮೀಟಿಂಗ್ ಮಾಡಬೇಕಂತೆ!

ನಾನು ಬರೆದದ್ದೇನು? ಗೌರಿಹಬ್ಬದ ದಿನ ಸತ್ತ ಹೆಣ್ಣು ಎದ್ದು ಬರ್ತಾಳೆ, ಗಂಡನ ಕತ್ತು ಮುರೀತಾಳೆ. ಮುಗೀತು. ಹೆಂಗಸರು ಚಪ್ಪಾಳೆ ತಟ್ಟಿದ್ರು! ಈ ಭಾನುಪ್ರಕಾಶನ ಕೊನೆ? ಅವಳು ತವರಿಗೆ ಬರ್ತಾಳಂತೆ. ಬಾಗಿನದ ಮೊರದ ಮೇಲೆ ಕೈಯಿಟ್ಟು, "ಅಣ್ಣಾ, ಯಾಕೆ ವಾಪಸ್ ಕಳಿಸಿದೆ?" ಅಂತಾಳಂತೆ! ಅಣ್ಣ ಏನ್ ಮಾಡಿದ ಪಾಪ? ಬಾಗಿನ ತಗೊಂಡ ಹೆಣ್ಣು ಸಂಜೆಯೊಳಗೆ ಗಂಡನ ಮನೆ ಸೇರಬೇಕು. ನಮ್ಮನೆ ಪದ್ಧತಿ ಅದು. ನನ್ನ ತಂಗಿ ಪಾಪಮ್ಮನನ್ನೂ ಹಾಗೇ ಕಳಿಸ್ಲಿಲ್ವಾ? ಅವಳು ಆಮೇಲೆ ಅಲ್ಲಿ ಬಾವಿಗೆ ಬಿದ್ದಳು ಅಂದ್ರೆ... ಅದಕ್ಕೂ ಕಥೆಗೂ ಸಂಬಂಧವೇ ಇಲ್ಲ!

ಹಾಗೆ ನೋಡಬೇಡ.

ಇರು... ಮೊರದ ಮೇಲೆ ಕೈಯಿಟ್ಟು... ಅದು ನನ್ನ ಮಾತು. ನಾನು ಮೊದಲು ಬರೆದಿದ್ದ ಕೊನೆ. ಶೂಟಿಂಗ್ ದಿನ ಬೆಳಗ್ಗೆ ಹರಿದುಹಾಕಿದೆ. ಆಗ ಪಕ್ಕದಲ್ಲಿದ್ದವನು ನೀನೊಬ್ಬನೇ... ಲೇ ಗೋವಿಂದ! ಆ ಚೂರುಗಳನ್ನ ಆಯ್ದು ಇಟ್ಕೊಂಡಿದ್ಯಾ? ಇಷ್ಟು ವರ್ಷ? ಆ ಭಾನುಪ್ರಕಾಶನ ಕೈಗೆ ಕೊಟ್ಟವನೂ ನೀನೇನಾ?

ತಲೆ ಬೇರೆ ಆಡಿಸ್ತೀಯಲ್ಲೋ!

ಹೌದು ಕಣೋ, ಆ ಕೊನೆ ನಾನೇ ಬದಲಾಯಿಸಿದ್ದು. ಯಾರೂ ಹೇಳಿರಲಿಲ್ಲ. ಆಮೇಲೆ ಹೊಸ ಕೊನೆ ಓದಿ ಮೂರ್ತಿ ಬೇಡ ಬೇಡ ಅಂತ ಕೈ ಹಿಡ್ಕೊಂಡ. ಊರಿಗೆಲ್ಲ ಹೇಳಿದ್ದೆನಲ್ಲ, ಪಾಪಮ್ಮ ಬಾಯಿಬಿಟ್ಟು ಏನೂ ಹೇಳಲಿಲ್ಲ, ಅವಳ ಕಷ್ಟ ನನಗೆ ಗೊತ್ತಿರಲಿಲ್ಲ ಅಂತ... ನೀನೂ ನಂಬಿದ್ದೆ, ಅಲ್ವಾ?

...ಅಲ್ವಾ?

ಆ ಗೌರಿಹಬ್ಬದ ಸಂಜೆ ಕುಂದಾಣದ ಬಸ್ ಸ್ಟಾಪಿನಲ್ಲಿ, ಬಸ್ಸಿನ ಮೆಟ್ಟಿಲ ಮೇಲೆ ನಿಂತು, "ಅಣ್ಣಾ, ನಾನು ಹೋಗಲ್ಲ" ಅಂದ್ಲು ಕಣೋ. ನಾನು ಕಂಡಕ್ಟರ್ ಕಡೆ ತಿರುಗಿ, "ರೈಟ್ ಹೇಳಪ್ಪಾ" ಅಂದೆ.