ಹುಳು ತಿಂದ ಒಂಬತ್ತು ಜಾಗಗಳು

ಪೀಠದಲ್ಲಿರುವ ಹಿರಿಯ ವಾಹೆಬ್ ಅವರೇ, ಮೂಡಣ ಗೋಡೆಯ ಕಾವಲಿನವರೇ, ನಾಳೆ ಬೆಳಗ್ಗೆ ಗೋಡೆ ದಾಟಲು ಬುತ್ತಿ ಕಟ್ಟಿಟ್ಟು ಬಂದಿರುವ ನಲವತ್ತು ಮಂದಿಯೇ, ಮೊದಲ ಸಾಲಿನಲ್ಲಿ ಕೂತಿರುವ ನನ್ನ ಅತ್ತೆ ಕೆಮೂರ ಅವರೇ, ತಲ್ಮೇರದ ಸಭಿಕರೇ,

ನಿಮ್ಮ ನಕಲುಗಾರ ದೋರೆನ್‌ಗೆ ಇವತ್ತು ಶಾಲು ಹೊದಿಸಿ ಕೂರಿಸಿದ್ದೀರಿ. ಮೂವತ್ತೊಂದು ವರ್ಷ, ಮೊದಲು ಬರೆಯುತ್ತ ಆಮೇಲೆ ಓದುತ್ತ, ಒಂದೇ ಪುಸ್ತಕದ ಮೇಲೆ ಬಾಗಿ ಬಾಗಿ ನನ್ನ ಕತ್ತು ನೆಟ್ಟಗಾಗುವುದನ್ನೇ ಮರೆತಿದೆ. ಹಾರ ಹಾಕುವವರಿಗೆ ಅದರಿಂದ ಅನುಕೂಲವೇ ಆಯಿತು. ನಗಬಹುದು. ಮುಂದೆ ನಗುವ ಸಂದರ್ಭ ಹೆಚ್ಚಿಲ್ಲ.

ಹಿರಿಯರು ನನ್ನನ್ನು ಬಾಯ್ತುಂಬ ಹೊಗಳಿದರು. ಸರಿಯುವ ಲೋಕಗಳ ಹೊತ್ತಗೆಯನ್ನು ಒಂದೂ ತೂತಿಲ್ಲದೆ ಬರೆದು ಕೊಟ್ಟ ಮೊದಲಿಗ ನಾನು ಎಂದರು. ಯಾವ ಲೋಕ ನಮ್ಮ ಗೋಡೆಯ ಪಕ್ಕ ಯಾವಾಗ ಬಂದು ನಿಲ್ಲುತ್ತದೆ, ಎಷ್ಟು ದಿನ ನಿಂತು ಸರಿದುಹೋಗುತ್ತದೆ ಎಂದು ತಿಳಿಯಲು ನಮಗೆ ಆ ಹೊತ್ತಗೆ ಬಿಟ್ಟರೆ ಬೇರೆ ಯಾವ ಗತಿ ಇದೆ? ನಮ್ಮ ಅಜ್ಜಂದಿರ ಕಾಲದಿಂದಲೂ ಓದುವವನು ಒಂಬತ್ತು ಕಡೆ ಸುಮ್ಮನಾಗುತ್ತಿದ್ದ. ಅಲ್ಲಿ ಹುಳು ತಿಂದಿತ್ತು. ದಿನದ ಲೆಕ್ಕವೇ ಇಲ್ಲದ ಲೋಕಕ್ಕೆ ಯಾರೂ ಹೋಗುತ್ತಿರಲಿಲ್ಲ. ಈಗ ಸುಮ್ಮನಾಗುವ ಪ್ರಸಂಗವೇ ಇಲ್ಲ, ಎಲ್ಲ ದೋರೆನ್‌ನ ಪುಣ್ಯ ಎಂದರು. ನೀವು ಚಪ್ಪಾಳೆ ತಟ್ಟಿದಿರಿ.

ನನಗೆ ಲೇಖನಿ ಹಿಡಿಸಿದ ಗುರು ಹಶಿಮೋರ ಜಗಳಗಂಟ ಮನುಷ್ಯ. ಹಲ್ಲಿಲ್ಲದ ಬಾಯಲ್ಲಿ ಬೆಳಗಿನಿಂದ ಸಂಜೆತನಕ ಬೈಯುತ್ತಿದ್ದ. ಆದರೆ ಒಂದು ಮಾತನ್ನು ಮಾತ್ರ ಬೈಯದೆ ಹೇಳಿದ. "ತೂತನ್ನ ತೂತಾಗೇ ಬರಿಯಪ್ಪಾ. ನಿಂಗೆ ಗೊತ್ತಿಲ್ಲ ಅನ್ನೋದು ನಿನ್ನ ಹಿಂದೆ ಬರೋರಿಗಾದ್ರೂ ಗೊತ್ತಾಗ್ಲಿ." ಖಾಲಿ ಜಾಗದ ಸುತ್ತ ಒಂದು ಗೆರೆ ಎಳೆಯಬೇಕು, ಅಷ್ಟೇ. ಅದಕ್ಕೆ ಎಂಥ ವಿದ್ಯೆ ಬೇಕು?

ನಾನು ವಿದ್ಯಾವಂತನಾಗಿದ್ದೆ. ಅದೇ ಕೇಡಾಯಿತು. ನೀಲಿ ಉಪ್ಪಿನ ಲೋಕದ ಹಾಳೆ ಬಂದಾಗ ಅಕ್ಕಪಕ್ಕದ ಹಾಳೆಗಳನ್ನು ನೋಡಿದೆ. ಆ ದಿಕ್ಕಿನ ಲೋಕಗಳೆಲ್ಲ ಹನ್ನೆರಡು ದಿನ ನಿಲ್ಲುತ್ತಿದ್ದವು. ಹನ್ನೆರಡು ಎಂದು ಬರೆದೆ. ಸುತ್ತಲಿನ ಅಕ್ಷರಕ್ಕೂ ಅದಕ್ಕೂ ಒಂದಿಷ್ಟೂ ವ್ಯತ್ಯಾಸ ಕಾಣಲಿಲ್ಲ. ಖುಷಿಯಾಯಿತು. ಒಂದಾದ ಮೇಲೆ ಇನ್ನೊಂದು, ಒಂಬತ್ತನ್ನೂ ತುಂಬಿಸಿದೆ. ಹಳೆಯ ಪ್ರತಿಯನ್ನು ಪದ್ಧತಿಯಂತೆ ಹೊಳೆಗೆ ಬಿಟ್ಟೆವು. ನೀವೆಲ್ಲ ದಡದಲ್ಲಿ ನಿಂತು ಹಾಡಿದಿರಿ.

ಹೊಸ ಪ್ರತಿಯನ್ನು ನಂಬಿ ಮೊದಲು ಗೋಡೆ ದಾಟಬೇಕಾದವರು ನಕಲುಗಾರನ ಮನೆಯವರು. ಇದೂ ಪದ್ಧತಿಯೇ. ಬರೆದವನು ಗೋಡೆಯ ಆಚೆ ಕಾಣುವ ಒಂದೇ ಕಿಂಡಿಯ ಬಳಿ ಕೂತು ದಿನ ಎಣಿಸಬೇಕು, ಮನೆಯವರು ಹೋಗಿಬರಬೇಕು. ನಮ್ಮ ಮನೆಯಲ್ಲಿ ಇದ್ದವರು ಇಬ್ಬರೇ. ನೀಲಿ ಉಪ್ಪಿನ ಲೋಕಕ್ಕೆ ಹೊರಡುವ ಬೆಳಗ್ಗೆ ನನ್ನ ಹೆಂಡತಿ ಇಶಾಲ್ವಿ ಬುಟ್ಟಿ ಎತ್ತಿಕೊಂಡು ಕೇಳಿದಳು, "ರೀ, ಹನ್ನೆರಡು ಅಂತ ನಿಜವಾಗ್ಲೂ ಇತ್ತಾ? ಹಶಿಮೋರ ಓದೋವಾಗ ಅಲ್ಲಿ ಸುಮ್ನಾಗ್ತಿದ್ದ ಹಂಗಿತ್ತು."

ನಾನು ಹೇಳಿದೆ, "ಬರ್ದಿದೆಯಲ್ಲ."

ಒಂಬತ್ತನೆಯ ದಿನ ಬೆಳಗ್ಗೆ ಕಿಂಡಿ ತೆರೆದರೆ ಆಚೆ ಏನೂ ಇರಲಿಲ್ಲ. ಬರೀ ಬೂದಿ ಬಣ್ಣದ ಗಾಳಿ.

ಸಭಿಕರೇ, ಕಿಂಡಿಯ ಬೀಗದ ಕೈ ಇರುವುದು ನಕಲುಗಾರನ ಬಳಿ ಮಾತ್ರ. ನಾನು ಕಿಂಡಿ ಮುಚ್ಚಿದೆ. ಮೂರು ದಿನ ನೀವು ಬಂದು ಕೇಳಿದಾಗಲೆಲ್ಲ, ಲೋಕ ನಿಂತಿದೆ, ಅವಳಿನ್ನೂ ಬಂದಿಲ್ಲ ಎಂದೆ. ನೀವು ಕಳಿಸಿದ ಊಟವನ್ನೂ ಉಂಡೆ. ಹನ್ನೆರಡನೆಯ ದಿನ ಹೊರಗೆ ಬಂದು, ಹೊತ್ತು ಮುಗಿಯಿತು, ಅವಳು ಬರಲಿಲ್ಲ ಎಂದೆ. ಅವಳು ಬೇಕೆಂದೇ ಅಲ್ಲಿ ಉಳಿದಳು ಎಂದು ಹೇಳಿದವನು ನಾನಲ್ಲ. ಅದನ್ನು ಹೇಳಿದವರು ನೀವು. ನಾನು ಅಲ್ಲ ಎನ್ನಲಿಲ್ಲ, ಅಷ್ಟೇ. ಅಷ್ಟೇ ಎನ್ನುತ್ತಿದ್ದೇನೆ, ನೋಡಿ, ಹತ್ತೊಂಬತ್ತು ವರ್ಷವಾದರೂ ನನ್ನ ನಾಲಿಗೆಗೆ ನಾಚಿಕೆಯಿಲ್ಲ. ಹೆಂಡತಿ ಬಿಟ್ಟುಹೋದ ಪಾಪದವನು ಎಂದು ನೀವು ಹಬ್ಬಕ್ಕೆ ಕರೆದಿರಿ, ಬಟ್ಟೆ ಕೊಟ್ಟಿರಿ. ನಾನು ಹೋದೆ, ತೊಟ್ಟೆ.

ನಾಳೆ ಬರುವ ಜೇನಿನ ಲೋಕ ಇಪ್ಪತ್ತು ದಿನ ನಿಲ್ಲುತ್ತದೆ ಎಂದು ಬರೆದಿದೆ. ಅದೂ ನನ್ನದೇ ಇಪ್ಪತ್ತು. ಎರಡೇ ದಿನ ನಿಲ್ಲಬಹುದು, ಅರ್ಧ ದಿನವೂ ಇರಬಹುದು. ನಲವತ್ತು ಮಂದಿಯೂ ಬುತ್ತಿ ಬಿಚ್ಚಿ ಮನೆಯಲ್ಲೇ ಊಟ ಮಾಡಿ. ಉಳಿದ ಏಳು ಯಾವುವು ಎಂದು ಕೇಳಬೇಡಿ. ಎರಡು ನೆನಪಿವೆ, ಐದು ನೆನಪಿಲ್ಲ. ಕಳೆದ ಇಡೀ ವರ್ಷ ಹುಡುಕಿದೆ. ನನ್ನ ಕೈಬರಹ ಎಲ್ಲ ಕಡೆಯೂ ಒಂದೇ ತರ ಚೆನ್ನಾಗಿದೆ. ಇನ್ನು ಆ ಹೊತ್ತಗೆಯ ಯಾವ ಹಾಳೆಯನ್ನೂ ನಂಬುವಂತಿಲ್ಲ. ಮುನ್ನೂರು ಲೋಕಗಳಿಗೆ ನಮ್ಮೂರಿನಿಂದ ಇದ್ದ ದಾರಿಯನ್ನು ಹಾಳುಮಾಡಿದವನಿಗೆ ನೀವು ಶಾಲು ಹೊದಿಸಿದ್ದೀರಿ. ಇದನ್ನು ಸರಿಪಡಿಸುವ ಉಪಾಯ ನನಗೆ ಗೊತ್ತಿಲ್ಲ. ಉಪಾಯ ಇದೆ ಎಂದೂ ನನಗೆ ಅನ್ನಿಸುವುದಿಲ್ಲ.

ಅತ್ತೆ, ದಾಟಿದವರಿಗೆಂದು ಎತ್ತಿಡುವ ರೊಟ್ಟಿಯನ್ನು ಹದಿಮೂರನೆಯ ದಿನ ನೀವು ನಾಯಿಗೆ ಹಾಕಿದಿರಿ. ಆಮೇಲೆ ಮಗಳ ಹೆಸರನ್ನೇ ಎತ್ತಲಿಲ್ಲ. ನಿಮ್ಮ ಮಗಳು ಯಾರನ್ನೂ ಬಿಟ್ಟುಹೋಗಲಿಲ್ಲ. ಅವಳು ಎಲ್ಲಿಗೂ ಹೊತ್ತಿಗೆ ಮೊದಲೇ ಬರುವವಳು, ನಿಮಗೇ ಗೊತ್ತು. ಹತ್ತನೆಯ ದಿನವೇ ಬುಟ್ಟಿ ತುಂಬಿಸಿಕೊಂಡು ಬಂದಿರುತ್ತಾಳೆ. ಬಾಗಿಲಿದ್ದ ಕಡೆ ಬಾಗಿಲು ಇರುವುದಿಲ್ಲ. ಅವಳು ಗಾಬರಿಯಾಗಿರುವುದಿಲ್ಲ ಅತ್ತೆ. ನನ್ನ ಗಂಡ ಹನ್ನೆರಡು ಎಂದು ಬರೆದಿದ್ದಾನೆ, ಇನ್ನೂ ಎರಡು ದಿನ ಇದೆ, ಬಾಗಿಲು ಬರುತ್ತದೆ ಎಂದುಕೊಂಡು ಬುಟ್ಟಿಯ ಪಕ್ಕ ಕೂತಿರುತ್ತಾಳೆ. ಆ ಎರಡು ದಿನವೂ ಅವಳು ನನ್ನನ್ನು ನಂಬಿಕೊಂಡೇ ಕೂತಿರುತ್ತಾಳೆ.

ಅತ್ತೆ ಎದ್ದಿದ್ದಾರೆ. ದಯವಿಟ್ಟು ಅವರಿಗೆ ದಾರಿ ಬಿಡಿ.

ಇಷ್ಟು ಹೊತ್ತು ಕೂತು ಕೇಳಿದ್ದಕ್ಕೆ ನಿಮಗೆಲ್ಲ ಋಣಿ. ಶಾಲನ್ನು ಈ ಕುರ್ಚಿಯ ಮೇಲೆ ಇಟ್ಟಿದ್ದೇನೆ. ನಮಸ್ಕಾರ.