ಟೀವಿಯಲ್ಲಿ ಕಾಣದ ಒಂಬತ್ತನೇ ಸ್ಥಾನ

ಅಮೆರಿಕದ ಕ್ಯಾರೊಲಿನಾದ ಒಂದು ಬಾರ್ಬೆಕ್ಯೂ ಅಂಗಡಿಯ ಸಾಲಿನಲ್ಲಿ ಸ್ಕೂಲ್ ಬಸ್ ಓಡಿಸುವ ಒಡೆಸ್ಸಾ ನಿಂತಿದ್ದಳು. ಅವಳ ಮುಂದೆ ರೇಸ್ ಕಾರು ಓಡಿಸುವ ಲಾಯ್ಡ್ ಟೀಗ್. ಅವನ ಮುಂದೆ, ಆ ಕಾರಿನ ಮೈತುಂಬ ತನ್ನ ಹಾಸಿಗೆ ಅಂಗಡಿಯ ಹೆಸರು ಬರೆಸಿ ಪೆಟ್ರೋಲು ಹಾಕಿಸುವ ಕಲ್ಪೆಪರ್.

"ನಿನ್ನೆ ಒಂಬತ್ತನೇ ಸ್ಥಾನ ಸಾರ್! ಹತ್ತೊಂಬತ್ತು ವರ್ಷದಲ್ಲಿ ಇದೇ ಮೊದಲು," ಎಂದ ಲಾಯ್ಡ್.

"ಅದಕ್ಕೇ ಕಣಯ್ಯಾ ನನ್ನ ಹೊಟ್ಟೆ ಉರೀತಿರೋದು. ಟೀವೀಲಿ ಒಂದ್ಸಲನಾದ್ರೂ ಕಂಡ್ಯಾ?"

"ಅವರು ಮೊದಲನೇ ಕಾರು ಬಿಟ್ಟು ಇನ್ಯಾರನ್ನ ತೋರಿಸ್ತಾರೆ ಸಾರ್?"

"ಹೋದ ವಾರ ತೋರಿಸಿದ್ರಲ್ಲ! ಆ ಮೊದಲನೇ ಕಾರು ಸುತ್ತಿ ಸುತ್ತಿ ಬಂದು ಹನ್ನೊಂದು ಸಲ ನಿನ್ನನ್ನ ಹಿಂದೆ ಹಾಕ್ತು. ಹನ್ನೊಂದು ಸಲಾನೂ ನನ್ನ ಅಂಗಡಿ ಹೆಸರು ಪರದೆ ತುಂಬ ಬಂತು. ನಮ್ಮತ್ತೇನೇ ಫೋನ್ ಮಾಡಿ ಹೊಗಳಿದ್ರು!"

"ಆವತ್ತು ಎಂಜಿನ್ ಕೆಮ್ತಿತ್ತು ಸಾರ್. ಟೈರು ದೊಡ್ಡ ತಂಡದೋರು ಬಿಸಾಕಿದ್ದು. ಈ ಸಲ ಎಂಜಿನ್ ಪೂರ್ತಿ ಬಿಚ್ಚಿ ನಾನೇ ಸರಿಮಾಡ್ದೆ."

"ಮಾಡು ಅಂತ ಯಾರು ಹೇಳಿದ್ರು? ಮುಂದಿನ ಭಾನುವಾರಾನೂ ಹೀಗೇ ಓಡಿಸಿದ್ರೆ, ನಾನು ಇನ್ನೊಬ್ಬ ನಿಧಾನದವನನ್ನ ಹುಡುಕ್ಕೋತೀನಿ."

ಕಲ್ಪೆಪರ್ ಪೊಟ್ಟಣ ಎತ್ತಿಕೊಂಡು ಹೊರಟುಹೋದ.

"ಮುಂದೆ ಬನ್ನಿ," ಎಂದಳು ಕೌಂಟರಿನವಳು.

ಲಾಯ್ಡ್ ಹಿಂತಿರುಗಿ ಒಡೆಸ್ಸಾಳನ್ನು ನೋಡಿದ. ರೇಸಿನಲ್ಲಿ ಹಿಂದಿನಿಂದ ಬಂದವರನ್ನು ಮುಂದೆ ಬಿಟ್ಟ ಹತ್ತೊಂಬತ್ತು ವರ್ಷದ ಅಭ್ಯಾಸ; ಪಕ್ಕಕ್ಕೆ ಸರಿದು, ಹೋಗಿ ಎಂದು ಕೈಮಾಡಿ ದಾರಿ ಬಿಟ್ಟ.